ನಾಲ್ಕು ಗೋಪುರ, ಒಂದು ಗಾಳಿಪಟ

ಸೀನ ಮೊಬೈಲನ್ನು ಇಡ್ಲಿ ತಟ್ಟೆಗೆ ಒರಗಿಸಿಟ್ಟ. ಪರದೆಗೆ ಚಟ್ನಿ ಹತ್ತಿದ್ದು ಅವನ ಗಮನಕ್ಕೇ ಬರಲಿಲ್ಲ.

"ನೋಡಿ ಮೇಷ್ಟ್ರೇ, ಲಾಲ್‌ಬಾಗ್ ಬಂಡೆ, ಕೆಂಪಾಂಬುಧಿ ಕೆರೆ, ಹಲಸೂರು ಕೆರೆ, ಮೇಖ್ರಿ ಸರ್ಕಲ್. ಕೆಂಪೇಗೌಡರ ನಾಲ್ಕೂ ಗೋಪುರಕ್ಕೆ ಗೆರೆ ಎಳೆದಿದ್ದೀನಿ. ಏನು ಕಾಣ್ತಿದೆ?"

"ಸೊಟ್ಟ ಗಾಳಿಪಟ" ಎಂದ ನಾಣಿ.

"ಮೂರ್ಖ! ಶಕ್ತಿ ಮಂಡಲ ಅದು."

ಮೇಷ್ಟ್ರು ಕಾಫಿ ಊದಿಕೊಂಡರು. "ನಾಲ್ಕು ಚುಕ್ಕಿ ಸಿಕ್ಕಿದ್ದರೆ ನಮ್ಮಮ್ಮ ಸುಮ್ನೆ ರಂಗೋಲಿ ಹಾಕಿ ಒಳಗೆ ಹೋಗ್ತಿದ್ದಳು ಕಣಯ್ಯ. ಎಲ್ಲಿ, ನಿಮ್ಮ ಏರಿಯಾದ ನಾಲ್ಕು ಪಂಕ್ಚರ್ ಅಂಗಡಿಗೆ ಗೆರೆ ಎಳಿ ನೋಡೋಣ."

ಸೀನ ಎಳೆದ. ಅದೂ ಗಾಳಿಪಟವೇ ಆಯಿತು.

"ಅದರಲ್ಲೂ ಶಕ್ತಿ ಇದೆ" ಎಂದರು ಮೇಷ್ಟ್ರು. "ಗಾಳಿ ತುಂಬಿಸಿಕೊಂಡು ಬಾ."

ಸೀನ ಸೋಲುವವನಲ್ಲ. 1537ರಲ್ಲಿ ಪೇಟೆಯ ನಡುವಿನಿಂದ ನಾಲ್ಕು ದಿಕ್ಕಿಗೆ ನೇಗಿಲು ಹೂಡಿದ ಕಥೆ ಹೇಳಿದ. ಊರು ಗೋಪುರ ದಾಟಿದರೆ ಕೇಡು ಅಂತಾರಲ್ಲ, ಅದನ್ನೂ ಹೇಳಿದ.

"ನನ್ನ ಸೈಟು ಗೋಪುರದಿಂದ ಇಪ್ಪತ್ತು ಕಿಲೋಮೀಟರ್ ಆಚೆ" ಎಂದ ನಾಣಿ. "ಕೇಡು ಅಂದ್ರೆ ಇಎಂಐ ಅಂತ ಈಗ ಗೊತ್ತಾಯ್ತು."

"ನಿನ್ನನ್ನು ಬಿಡು. ಕೆಂಪೇಗೌಡರೇ ಗೋಪುರ ದಾಟಿ ಹೋದರಲ್ಲ" ಎಂದರು ಮೇಷ್ಟ್ರು. "2022ರಿಂದ ದೇವನಹಳ್ಳಿ ಕಡೆ, ಏರ್‌ಪೋರ್ಟ್‌ನಲ್ಲಿ ನಿಂತಿದ್ದಾರೆ. ಊರು ಎಲ್ಲಿಗೆ ಮುಗೀತು ಅಂತ ನೋಡೋಕೆ ಹೋಗಿರಬೇಕು."

"ಆ ಪ್ರತಿಮೆ 108 ಅಡಿ! ಇದು ಸಂಕೇತ ಅಲ್ವಾ?"

"ಆಂಬುಲೆನ್ಸ್ ನಂಬರೂ 108" ಎಂದ ನಾಣಿ.

ಸ್ವಲ್ಪ ಹೊತ್ತು ಬರೀ ಸಾಂಬಾರಿನ ಸದ್ದು.

"ಎತ್ತರದ ಬಂಡೆ, ಕೆರೆ ದಂಡೆ. ದೂರ ಕಾಣುವ ಕಡೆ ಗೋಪುರ ಕಟ್ಟಿದ್ದಾರೆ, ಅಷ್ಟೇ" ಎಂದರು ಮೇಷ್ಟ್ರು. "ಅಪ್ಪ ಭಾನುವಾರ ಲಾಲ್‌ಬಾಗ್ ಬಂಡೆ ಹತ್ತಿಸೋರು. ಮುನ್ನೂರು ಕೋಟಿ ವರ್ಷದ ಕಲ್ಲು ಅಂತೆಲ್ಲ ಆಗ ಯಾರಿಗೆ ಗೊತ್ತು, ಚಡ್ಡಿ ಹರಿಯೋವರೆಗೂ ಜಾರ್ತಿದ್ದೆವು. ಗೋಪುರದ ನೆರಳಲ್ಲಿ ಕಡಲೇಕಾಯಿ ಬಿಡಿಸ್ತಾ, 'ಅಗೋ, ಆ ತೋಪಿನಿಂದಾಚೆ ಹಳ್ಳಿ ಕಣೋ' ಅಂತ ಕೈ ತೋರಿಸೋರು. ಇವತ್ತು ಬೆಳಿಗ್ಗೆ ಅಲ್ಲೇ ನಿಂತು ಹುಡುಕಿದೆ."

"ತೋಪು ಸಿಕ್ತಾ?"

"ಆ ಹೆಸರಿನ ಅಪಾರ್ಟ್‌ಮೆಂಟ್ ಸಿಕ್ತು."

ಬಿಲ್ ಬಂತು. ಸೀನನಿಗೆ ಕೊನೆಗೂ ಚಟ್ನಿ ಕಂಡಿತು. ಅಂಗಿಯ ತುದಿಯಿಂದ ಪರದೆ ತಿಕ್ಕಿದ. ಚಟ್ನಿಯ ಜೊತೆಗೆ ಗೆರೆಗಳೂ ಹೋದವು.

"ಅಯ್ಯೋ, ಸೇವ್ ಮಾಡಿರಲಿಲ್ಲ!"