ಸಹಾಯ ಬೇಕು: ಗುಂಪು ವಿಮೆಯ ಲೆಕ್ಕದಲ್ಲಿ ನನ್ನ ಕೆಲಸ ಹೋಯಿತಾ?

ನನಗೆ ಟೈಪ್ 1 ಡಯಾಬಿಟಿಸ್ ಇದೆ. ಹೋದ ವಾರ 18 ಜನರಿರುವ ಸಣ್ಣ ಕಂಪನಿಯೊಂದರಲ್ಲಿ ಇಂಟರ್‌ವ್ಯೂ ಇತ್ತು. ಸಂಬಳದವರೆಗೂ ಮಾತು ಬಂದಿತ್ತು. ಅಷ್ಟರಲ್ಲಿ ತೋಳಿನ ಮೇಲಿದ್ದ ಶುಗರ್ ಸೆನ್ಸರ್ ನೋಡಿ, "ಇದೇನು?" ಅಂದರು. ಇದ್ದದ್ದು ಹೇಳಿದೆ. ಬರೆಯುತ್ತಿದ್ದವರು ಪೆನ್ನಿನ ಕ್ಯಾಪ್ ಹಾಕಿಟ್ಟರು. ಮಾರನೇ ದಿನ ಬೇಡ ಅಂತ ಮೇಲ್ ಬಂತು.

ಕಾರಣ ಗುಂಪು ವಿಮೆಯೇ, ಅಂದರೆ ನೌಕರರೆಲ್ಲರನ್ನೂ ಸೇರಿಸಿ ಕಂಪನಿ ಮಾಡಿಸುವ ಆರೋಗ್ಯ ವಿಮೆಯೇ, ಅಂತ ನನ್ನ ಅನುಮಾನ. ಹಿಂದಿನ ವರ್ಷದ ಕ್ಲೇಮ್ ನೋಡಿ ಪ್ರೀಮಿಯಂ ನಿಗದಿ ಮಾಡುವ ಕಡೆ, ಹತ್ತು ಸಾವಿರ ಜನರ ಗುಂಪಿನಲ್ಲಿ ಒಬ್ಬರ ಖರ್ಚು ಕರಗಿಹೋಗುತ್ತದೆ. 18 ಜನರಲ್ಲಿ ಎದ್ದು ಕಾಣುತ್ತದೆ. ಮಾಲೀಕರ ಭಯ ಸುಳ್ಳಲ್ಲ. ಆದರೆ ಅದರ ಬೆಲೆ ನಾನೊಬ್ಬನೇ ತೆರಬೇಕಾ? ಕೆಲಸ ಸಿಕ್ಕರೂ ಹೊರೆ ಸಂಬಳಕ್ಕೆ ತಟ್ಟಬಹುದು. ಅಮೆರಿಕದಲ್ಲಿ ಹೆರಿಗೆ ಖರ್ಚನ್ನು ವಿಮೆಗೆ ಸೇರಿಸಲೇಬೇಕು ಅಂತ ಕಾನೂನು ಬಂದಾಗ, ಹೆರುವ ವಯಸ್ಸಿನ ವಿವಾಹಿತ ಹೆಂಗಸರ ಸಂಬಳ ಉಳಿದವರಿಗಿಂತ ಹಿಂದೆ ಬಿತ್ತು ಅಂತ ಅರ್ಥಶಾಸ್ತ್ರಜ್ಞ ಜೊನಾಥನ್ ಗ್ರೂಬರ್ 1994ರಲ್ಲಿ ತೋರಿಸಿದ್ದರು.

ಇಂಥದ್ದು ಅನುಭವಿಸಿದವರು ದಯವಿಟ್ಟು ಹೇಳಿ. ಕಾರಣ ಬರೆದು ಕೊಡಿ ಅಂತ ಕೇಳಬಹುದಾ? ಮುಂದಿನ ಇಂಟರ್‌ವ್ಯೂಗೆ ಉದ್ದ ತೋಳಿನ ಅಂಗಿ ಹಾಕಿಕೊಂಡು ಹೋಗಲಾ? ಗುಂಪು ವಿಮೆ ನನಗೆ ಬೇಡ ಅಂತ ನಾನೇ ಹೇಳಿದರೆ ಕೆಲಸ ಸಿಗಬಹುದು, ಆದರೆ ಆಸ್ಪತ್ರೆ ಸೇರಬೇಕಾಗಿ ಬಂದರೆ ಖರ್ಚು ಪೂರ್ತಿ ನನ್ನ ತಲೆಗೇ ಬರುತ್ತೆ ಅಲ್ವಾ? ಹಾಗೆ ಮಾಡಿದವರು ಯಾರಾದರೂ ಇದ್ದೀರಾ? ಸೋಮವಾರ ಇನ್ನೊಂದು ಇಂಟರ್‌ವ್ಯೂ ಇದೆ.