ಕೌಂಟರ್ ಜಗಳದ ಸ್ಕಿಟ್ ಮೂರನೇ ಜೋಕಿಗೇ ಸಪ್ಪೆ ಆಗುತ್ತೆ, ಏನು ಮಾಡೋದು?

ಪ್ರಶ್ನೆ:
ಹಾರ್ಡ್‌ವೇರ್ ಅಂಗಡಿಯವನು, ಒಬ್ಬ ಗಿರಾಕಿ, 5 ನಿಮಿಷದ ಸ್ಕಿಟ್. ಮಾದರಿ ಬಿಬಿಸಿಯ ಹಾಸ್ಯ ಕಾರ್ಯಕ್ರಮ ‘ದಿ ಟೂ ರೋನೀಸ್’ನಲ್ಲಿ 1976ರಲ್ಲಿ ಬಂದ ‘ಫೋರ್ ಕ್ಯಾಂಡಲ್ಸ್’. ಒಂದು ಕೇಳಿದರೆ ಇನ್ನೊಂದು ತಂದುಕೊಡೋ ಜೋಕು ಮೂರು ಸಲ ಆದಮೇಲೆ ನಾಲ್ಕನೆಯದನ್ನ ಜನ ಮೊದಲೇ ಊಹಿಸಿಬಿಡ್ತಾರೆ. ಅಷ್ಟು ಹೊತ್ತು ಅವರು ಹೇಗೆ ಎಳೆದರು?

ಉತ್ತರ 1:
ಊಹೆಯನ್ನೇ ಬಳಸಿಕೊಂಡು. ಗಿರಾಕಿ ರೋನಿ ಬಾರ್ಕರ್ ‘ಹ’ಕಾರ ನುಂಗಿ ಮಾತಾಡ್ತಾನೆ. ಹಾಗಾಗಿ ‘ಫೋರ್ಕ್ ಹ್ಯಾಂಡಲ್ಸ್’, ಅಂದರೆ ತೋಟದ ಫೋರ್ಕಿನ ಹಿಡಿ, ಅಂಗಡಿಯವನು ರೋನಿ ಕಾರ್ಬೆಟ್ ಕಿವಿಗೆ ‘ಫೋರ್ ಕ್ಯಾಂಡಲ್ಸ್’, ನಾಲ್ಕು ಮೇಣದಬತ್ತಿ. ಆಮೇಲೆ ‘ಓಸ್’. ಕಳೆ ತೆಗೆಯೋ ಹೋ ತಂದ, ಅಲ್ಲ. ನೀರಿನ ಹೋಸ್ ತಂದ, ಅಲ್ಲ. ಕೊನೆಗೆ ಗೇಟಿಗೆ ಹಾಕೋ ‘ಓ’ ಅಕ್ಷರ! ಮುಂದೆ ‘ಪೀಸ್’ ಅಂದಾಗ ಅಂಗಡಿಯವನು ಪಾಠ ಕಲಿತವನು, ‘ಪಿ’ ಅಕ್ಷರ ಅಂದುಕೊಂಡು, ಗೊಣಗಿಕೊಂಡು ಅಕ್ಷರದ ಡಬ್ಬಿಯನ್ನೇ ಮತ್ತೆ ತರ್ತಾನೆ. ಬೇಕಿದ್ದದ್ದು ಬಟಾಣಿ (ಇಂಗ್ಲಿಷಲ್ಲಿ ಅದೂ ‘ಪೀಸ್’) ಡಬ್ಬ. ಜನ ಊಹಿಸಿದ್ದನ್ನೇ ಅವನೂ ಊಹಿಸಿ ಕೆಟ್ಟ. ಬರೆದದ್ದೂ ಬಾರ್ಕರೇ, ಜೆರಾಲ್ಡ್ ವೈಲಿ ಅನ್ನೋ ಹೆಸರಲ್ಲಿ.

ಉತ್ತರ 2:
ಆ ಶ್ಲೇಷೆಗಳನ್ನ ಅನುವಾದ ಮಾಡೋಕೆ ಹೋಗಬೇಡಿ. ‘ಹ’ ನುಂಗೋದು ನಮ್ಮಲ್ಲೇ ಧಾರಾಳ: ಹಾಲು ಆಲು, ಹೋಗು ಓಗು. ಗಿರಾಕಿ “ಅಗ್ಗ ಕೊಡಿ” ಅಂದರೆ ಅಂಗಡಿಯವನು ಕಮ್ಮಿ ರೇಟಿನ ಬಕೆಟ್ ತೋರಿಸ್ತಾನೆ, ಬೇಕಿದ್ದದ್ದು ಹಗ್ಗ. “ಆರೆ ಕೊಡಿ” ಅಂದರೆ “ಯಾವುದು ಆರು?” ಅಂತ ಮೊಳೆ ಎಣಿಸ್ತಾನೆ, ಬೇಕಿದ್ದದ್ದು ಹಾರೆ. ಈಗ ಗಿರಾಕಿ ಪೊರಕೆ ನೋಡ್ತಾ “ಅಗ್ಗದ್ದು ಇಲ್ವಾ?” ಅಂತಾನೆ. ಅಂಗಡಿಯವನು ಏಣಿ ಹತ್ತಿ ಹಗ್ಗದ ಸುರುಳಿ ಇಳಿಸ್ತಾನೆ. ನಿಮ್ಮ ಬಟಾಣಿ ಡಬ್ಬ ಅದೇ. ಹಗ್ಗ ಅಟ್ಟದ ಮೇಲೇ ಇರಲಿ, ಕೈಗೆಟುಕಿದರೆ ಸಿಟ್ಟು ಏರಲ್ಲ. ಗಿರಾಕಿಯ ಆಡುಮಾತನ್ನ ಗೇಲಿ ಮಾಡಿದಿರೋ, ಸ್ಕಿಟ್ ಕೆಟ್ಟಿತು. ಅವನು ತಣ್ಣಗಿರಬೇಕು, ಬೇಯಬೇಕಾದವನು ಅಂಗಡಿಯವನು.

ಉತ್ತರ 3:
ಶ್ಲೇಷೆ ಇಲ್ಲದೆಯೂ ಆಗುತ್ತೆ. ಬ್ರಿಟಿಷ್ ಹಾಸ್ಯ ತಂಡ ಮಾಂಟಿ ಪೈಥಾನ್‌ನ ಸತ್ತ ಗಿಣಿ ಸ್ಕಿಟ್ (1969) ನೋಡಿ. ನೀವು ಮಾರಿದ ಗಿಣಿ ಸತ್ತಿದೆ ಅಂತ ಗಿರಾಕಿ ಹೇಳೋದು ಸ್ಪಷ್ಟವಾಗೇ ಕೇಳಿಸುತ್ತೆ, ಅಂಗಡಿಯವನು ಒಪ್ಪಲ್ಲ ಅಷ್ಟೆ. “ತಪ್ಪಾಯ್ತು ಸಾರ್” ಅಂದ ಕ್ಷಣ ಆಟ ಮುಗೀತು, ಆ ಸಾಲನ್ನ ಬರೆಯಲೇಬೇಡಿ. ಆದರೆ ಮುಕ್ತಾಯ ಅವರಿಗೂ ಕಷ್ಟವೇ ಆಯ್ತು: ಮಿಲಿಟರಿ ಅಧಿಕಾರಿಯೊಬ್ಬ ಒಳಗೆ ಬಂದು, ಇದು ಅತಿಯಾಯ್ತು ಅಂತ ನಿಲ್ಲಿಸ್ತಾನೆ.

ಪ್ರಶ್ನೆ ಕೇಳಿದವರು:
ಅವನು ಏಣಿ ಹತ್ತುವಾಗ ಗಿರಾಕಿ ಏನು ಮಾಡಲಿ?

ಉತ್ತರ 2:
ಏನೂ ಬೇಡ. ಚೀಟಿ ನೋಡ್ತಾ ನಿಂತಿರಲಿ. ಇವನು ಇಳಿದು ಏಣಿ ಮಡಚಿಟ್ಟ ಮೇಲೇ ಬಾಯಿ ತೆರೀಲಿ.