ಪದಚರ್ಚೆ: ಫಿನ್ನಿಷ್ ‘ಸಿಸು’ಗೆ ಕನ್ನಡದಲ್ಲಿ ಯಾವ ಪದ?

ಪ್ರಶ್ನೆ: ಫಿನ್ಲೆಂಡಿನ ನಟ ಯೊರ್ಮ ತೊಮ್ಮಿಲ ಕುರಿತ ಲೇಖನಕ್ಕೆ ಎರಡು ಪದ ಬೇಕಾಗಿವೆ. 2022ರ ‘ಸಿಸು’ ಚಿತ್ರದ ಹೆಸರನ್ನು ‘ಛಲ’ ಎಂದರೆ ಸಾಕೆ? 2010ರ ‘ರೇರ್ ಎಕ್ಸ್‌ಪೋರ್ಟ್ಸ್’ನಲ್ಲಿ ಬರುವ ‘ಯೊವುಲುಪುಕ್ಕಿ’ಯನ್ನು ಕ್ರಿಸ್‌ಮಸ್ ತಾತ ಎನ್ನಬಹುದೆ?

ಉತ್ತರ: ‘ಛಲ’ ಬೇಡ. ‘ಸಿಸು’ ಎಂದರೆ ಎಂಥ ಕಷ್ಟದಲ್ಲೂ ಕುಗ್ಗದ ಒಳಗಿನ ಗಟ್ಟಿತನ. ಛಲ ಹುಟ್ಟಲು ಎದುರಿಗೊಬ್ಬ ಬೇಕು. ದುರ್ಯೋಧನನ ಛಲ ಎಂದಾಗ ಅದರಲ್ಲಿ ಹಟವೂ ಸೇರಿರುತ್ತದೆ. ತೊಮ್ಮಿಲ ಅವರ ಪಾತ್ರ ಆತಮಿ ಕೊರ್ಪಿ ಹಾಗಲ್ಲ. ಕಾಲ 1944, ಜರ್ಮನ್ ಪಡೆ ಉತ್ತರ ಫಿನ್ಲೆಂಡಿನ ಲ್ಯಾಪ್‌ಲ್ಯಾಂಡ್ ಪ್ರದೇಶದ ಊರುಗಳನ್ನು ಸುಡುತ್ತ ಹಿಂದೆ ಸರಿಯುತ್ತಿದೆ. ಈತ ಯುದ್ಧವೇ ಬೇಡವೆಂದು ಚಿನ್ನ ಅಗೆಯಲು ಹೋದ ಹಳೆಯ ಸೈನಿಕ. ಅವನನ್ನು ನೇಣಿಗೆ ಹಾಕಿದಾಗ ಮೈಮೇಲಿನ ಗಾಯವನ್ನೇ ಕಂಬದ ಕಬ್ಬಿಣಕ್ಕೆ ಸಿಕ್ಕಿಸಿ ಭಾರ ತಡೆದುಕೊಳ್ಳುತ್ತಾನೆ. ಗೆಲ್ಲುವ ಹಂಬಲವಲ್ಲ ಅದು, ಸಾಯಲು ಒಪ್ಪದಿರುವುದು. ಚಿತ್ರದಲ್ಲಿ ಅವನಿಗೆ ಮಾತು ಇಲ್ಲವೆನ್ನುವಷ್ಟು ಕಡಿಮೆ. ಹಾಗಾಗಿ ಪಾತ್ರದ ಗುಣವನ್ನೆಲ್ಲ ಹೆಸರೇ ಹೇಳಬೇಕು.

ಫಿನ್ನಿಷ್‌ನಲ್ಲಿ ‘ಸಿಸು’ ‘ಒಳಗೆ’ ಎಂಬರ್ಥದ ಮೂಲದಿಂದ ಬಂದದ್ದು. ಇಂಗ್ಲಿಷಿನಲ್ಲಿ ಕೊಡುವ ‘ಗಟ್ಸ್’ ಎಂಬ ಅರ್ಥ ನೋಡಿ ‘ಕರುಳು’ ಎಂದು ಬರೆದರೆ ಕೆಡುತ್ತದೆ, ನಮ್ಮಲ್ಲಿ ಕರುಳು ಎಂದರೆ ಮಮತೆ. ‘ಧೈರ್ಯ’ ತೀರ ತೆಳು. ನನ್ನ ಆಯ್ಕೆ ‘ಕೆಚ್ಚು’. ಕೆಚ್ಚೆಂದರೆ ಎದೆಗಾರಿಕೆ ಮಾತ್ರವಲ್ಲ, ಮರದ ನಡುವಿನ ಗಟ್ಟಿ ತಿರುಳೂ ಹೌದು. ಬಡಗಿಗಳು ಚೇಗು ಎನ್ನುವುದೂ ಅದನ್ನೇ. ಸುತ್ತಲಿನ ಬಿಳಿ ಭಾಗವನ್ನು ಗೆದ್ದಲು ತಿಂದು ಹಾಕಿದರೂ ಕೆಚ್ಚು ಉಳಿಯುತ್ತದೆ. ‘ಒಳಗಿನದು’ ಎಂಬ ಮೂಲಾರ್ಥ ಎರಡು ಭಾಷೆಯಲ್ಲೂ ಇಷ್ಟು ಚೆನ್ನಾಗಿ ಕೂಡಿಬರುವುದು ಅಪರೂಪ. ‘ಸಿಸುಕಸ್’ ಎಂಬ ಗುಣವಾಚಕಕ್ಕೆ ‘ಕೆಚ್ಚೆದೆಯ’ ಸಲ್ಲುತ್ತದೆ. ಆದರೆ ‘ಪಹನ್‌ಸಿಸುಯಿನೆನ್’ ಎಂದರೆ ಸಿಡುಕ. ಅಲ್ಲಿ ಕೆಚ್ಚು ಹೊಂದದು.

ಚಿತ್ರದ ಹೆಸರಾಗಿ ಬರುವಲ್ಲಿ ಮಾತ್ರ ‘ಸಿಸು’ ಎಂದೇ ಉಳಿಸಿ, ಆದರೆ ಉದ್ಧರಣ ಚಿಹ್ನೆ ಬಿಡಬೇಡಿ. ಕಾರಣ, ಹಳಗನ್ನಡದಲ್ಲಿ ‘ಸಿಸು’ ಶಿಶುವಿನ ತದ್ಭವ. ‘ಸಿಸುವಿನ ನಾಯಕ’ ಎಂದು ಬರೆದರೆ ಓದುಗ ಮಗುವನ್ನು ನೆನೆದಾನು. ‘ಸಿಸು’ ಚಿತ್ರದ ನಾಯಕ ಎಂದು ಬಿಡಿಸಿ ಬರೆಯಿರಿ.

ಹೆಸರನ್ನು ‘ಯೊರ್ಮ’ ಎಂದು ಬರೆದದ್ದು ಸರಿ, ‘ಜೋರ್ಮಾ’ ತಪ್ಪು. ಫಿನ್ನಿಷ್‌ನಲ್ಲಿ J ಅಕ್ಷರದ ಉಚ್ಚಾರ ‘ಯ’. ಫಿನ್ನಿಷ್‌ನಲ್ಲೂ ಕನ್ನಡದಂತೆ ಹ್ರಸ್ವ ದೀರ್ಘ, ಒತ್ತಕ್ಷರ ಅರ್ಥವನ್ನೇ ಬದಲಿಸುತ್ತವೆ. ಆದ್ದರಿಂದ ತೊಮ್ಮಿಲದ ಮಕಾರಕ್ಕೆ ಒತ್ತು ಇರಲೇಬೇಕು, ‘ಆತಮಿ’ಯಲ್ಲಿ ಮೊದಲ ಅಕ್ಷರ ಮಾತ್ರ ದೀರ್ಘ. ನಿರ್ದೇಶಕರು ಯಲ್ಮರಿ, ಜಲ್ಮಾರಿ ಅಲ್ಲ. ಎರಡೂ ಚಿತ್ರಗಳು ಅವರವೇ.

ಯೊವುಲುಪುಕ್ಕಿ: ‘ಯೊವುಲು’ ಕ್ರಿಸ್‌ಮಸ್, ‘ಪುಕ್ಕಿ’ ಹೋತ. ಹಿಂದೆ ಹೋತದ ಕೊಂಬು, ಮುಖವಾಡ ತೊಟ್ಟು ಮನೆಮನೆಗೆ ಬರುತ್ತಿದ್ದವರ ನೆನಪು ಈ ಹೆಸರಿನಲ್ಲಿದೆ. ಕೊರ್ವತುಂತುರಿ ಬೆಟ್ಟದಡಿ ಹೂತಿದ್ದ ಯೊವುಲುಪುಕ್ಕಿಯನ್ನು ಅಗೆದು ತೆಗೆಯುವ ‘ರೇರ್ ಎಕ್ಸ್‌ಪೋರ್ಟ್ಸ್’ ಚಿತ್ರದ ಭಯ ನಿಂತಿರುವುದೂ ಈ ಕೊಂಬಿನ ಮೇಲೆ. ತೊಮ್ಮಿಲ ಅಲ್ಲಿ ತಂದೆಯ ಪಾತ್ರದಲ್ಲಿದ್ದಾರೆ, ಮಗನಾಗಿ ಅವರ ಸ್ವಂತ ಮಗ ಒನ್ನಿ ನಟಿಸಿದ್ದಾನೆ. ‘ತಾತ’ ಎಂದರೆ ಕೊಂಬು ಮಾಯ. ಮೊದಲ ಸಲ ‘ಯೊವುಲುಪುಕ್ಕಿ, ಅಂದರೆ ಕ್ರಿಸ್‌ಮಸ್ ಹೋತ’ ಎಂದು ಬಿಡಿಸಿ ಹೇಳಿ, ಮುಂದೆ ಯೊವುಲುಪುಕ್ಕಿ ಎಂದೇ ಬಳಸಿ.